ಮೀಟರ್ ಮಾಮ ಕಾವಿಗೆ ಕೂತದ್ದು

"ಇವತ್ತಿಂದ ಸರಿಯಾಗಿ ಒಂದು ವಾರ! ಆಮೇಲೆ ಈ ಮನೆಗೂ ಆ ಕಂಬಕ್ಕೂ ಯಾವ ಸಂಬಂಧಾನೂ ಇರೋದಿಲ್ಲ!"

ಮೀಟರ್ ಮಾಮ ಊಟದ ಮೇಜಿನಿಂದ ಎದ್ದು ನಿಂತು ಹೀಗೆಂದು ಘೋಷಿಸಿದ. ಕೈಯಲ್ಲಿದ್ದ ಚಮಚವನ್ನು ಕಿಟಕಿಯಾಚೆಯ ವಿದ್ಯುತ್ ಕಂಬದತ್ತ ಅವನು ಚಾಚಿದ ಗತ್ತು ನೋಡಿದರೆ, ಕಂಬವೇ ಹೆದರಿ ಎರಡು ಹೆಜ್ಜೆ ಹಿಂದೆ ಸರಿಯಬೇಕಿತ್ತು.

"ಚಮಚದಿಂದ ಮೇಜಿನ ಮೇಲೆ ತೊಟ್ಟಿಕ್ತಿದೆ ರೀ" ಎಂದಳು ಹೆಂಡತಿ.

ಮಾಮನಿಗೆ ಆ ಹೆಸರು ಬಂದದ್ದು ಕೆಲಸದಿಂದ. ಇಪ್ಪತ್ತೆಂಟು ವರ್ಷದಿಂದ ಮನೆಮನೆಗೆ ಹೋಗಿ ವಿದ್ಯುತ್ ಮೀಟರ್ ಓದಿ ಬರೆದುಕೊಳ್ಳುತ್ತಿದ್ದ. ಬಾಗಿಲ ಬಳಿ ನಿಂತು ಅಂಕಿ ನೋಡಿದರೆ ಸಾಕು, ಒಳಗಿನ ಸಂಸಾರವೆಲ್ಲ ಅವನ ಕಣ್ಣಿಗೆ ಕಟ್ಟುತ್ತಿತ್ತು. ಈ ಮನೆಗೆ ಹೊಸ ಫ್ರಿಜ್ ಬಂದಿದೆ. ಆ ಮನೆಯ ನೆಂಟರು ಇನ್ನೂ ಹೊರಟಿಲ್ಲ. ಮೂಲೆಮನೆಯ ಗಂಡ ಹೆಂಡತಿ ಮಾತು ಬಿಟ್ಟು ಎರಡು ಕೋಣೆಯಲ್ಲಿ ಎರಡು ಫ್ಯಾನು ಹಾಕಿಕೊಂಡು ಮಲಗುತ್ತಿದ್ದಾರೆ!

ಈಚೆಗೆ ಮಾತ್ರ ಅವನ ಚಿಂತೆ ಬೀದಿ ದಾಟಿ, ಊರು ದಾಟಿ, ಭೂಗೋಳವನ್ನೇ ಸುತ್ತತೊಡಗಿತ್ತು.

"ಜಗತ್ತು ದಿನಾ ಎಷ್ಟು ಕಲ್ಲಿದ್ದಲು, ಎಷ್ಟು ಎಣ್ಣೆ ಸುಡುತ್ತೆ ಗೊತ್ತೇನೇ? ಅದೇ ಸೂರ್ಯನ್ನ ನೋಡು! ಒಂದೂವರೆ ಗಂಟೇಲಿ ಭೂಮಿ ಮೇಲೆ ಬೀಳೋ ಬಿಸಿಲು ಇಡೀ ಮನುಷ್ಯಕುಲದ ಒಂದು ವರ್ಷದ ಖರ್ಚಿಗೆ ಸಾಕು!"

"ಭೂಮಿ ಮೇಲೆ ಬೀಳುತ್ತೆ, ಸರಿ. ನಮ್ಮ ತಾರಸಿ ಮೇಲೆ ಎಷ್ಟು ಬೀಳುತ್ತೆ?"

"ನಿನಗೆ ದೂರದೃಷ್ಟಿ ಇಲ್ಲ."

"ಇಲ್ಲಪ್ಪ, ನನಗೆ ಹತ್ತಿರದ್ದೇ ಕಾಣೋದು. ಹಿಂದಿನ ಕೋಣೇಲಿ ನನ್ನ ಪೆಟ್ಟಿಗೆ ಇದೆ. ಅದಕ್ಕೆ ಇಪ್ಪತ್ತೊಂದು ದಿನ ಕರೆಂಟು ತಪ್ಪಬಾರದು."

"ಅದಕ್ಕೂ ಸೂರ್ಯನೇ!" ಎಂದ ಮಾಮ, ಸೂರ್ಯ ತನ್ನ ಕೈಕೆಳಗಿನ ನೌಕರ ಎಂಬಂತೆ.

ಆ ಪೆಟ್ಟಿಗೆಯ ವಿಷಯ ಹೇಳಲೇಬೇಕು. ಹೆಂಡತಿಗೆ ಮರಗೆಲಸದ ಕಾರ್ಖಾನೆಯಲ್ಲಿ ಪಾಲಿಶ್ ಕೆಲಸ. ಹಳೆಯ ಕಪಾಟೊಂದನ್ನು ಗೋಡೆಗೆ ಕೂರಿಸಿ, ಒಳಗೆ ಬಲ್ಬು, ಸಣ್ಣ ಫ್ಯಾನು, ಉಷ್ಣಮಾಪಕ ಜೋಡಿಸಿ ಅವಳೇ ಕಾವುಪೆಟ್ಟಿಗೆ ಮಾಡಿದ್ದಳು. ಅವಳ ತಂದೆ ನಲವತ್ತು ವರ್ಷ ಒಂದು ಜಾತಿಯ ಚುಕ್ಕಿ ಕೋಳಿ ಸಾಕಿದ್ದವರು. ಅವರು ತೀರಿಕೊಂಡ ಮೇಲೆ ಕೋಳಿಗಳು ಅವರಿವರ ಪಾಲಾದವು, ರೋಗ ಬಂದು ಹೋದವು. ಎಲ್ಲೋ ಒಬ್ಬ ಹಳೆಯ ಪರಿಚಯಸ್ಥರ ಹಿತ್ತಲಲ್ಲಿ ಮಾತ್ರ ನಾಲ್ಕು ಉಳಿದಿವೆ ಎಂದು ತಿಳಿದು, ಅವಳು ಬಸ್ಸಿನಲ್ಲಿ ಹೋಗಿ, ಇಪ್ಪತ್ತನಾಲ್ಕು ಮೊಟ್ಟೆಗಳನ್ನು ತೊಡೆಯ ಮೇಲಿಟ್ಟುಕೊಂಡು ಬಂದಿದ್ದಳು. ಜೊತೆಯಲ್ಲಿದ್ದ ಅವಳ ತಾಯಿ, ಅಂದರೆ ಮಾಮನ ಅತ್ತೆ, ದಾರಿಯುದ್ದಕ್ಕೂ ಡ್ರೈವರನಿಗೆ "ನಿಧಾನ ಕಣಪ್ಪಾ" ಎನ್ನುತ್ತಲೇ ಇದ್ದರಂತೆ.

ಇತ್ತ ಮಾಮ ಮಾತಿಗೆ ತಪ್ಪಲಿಲ್ಲ. ತಾರಸಿಯ ಮೇಲೆ ನಾಲ್ಕು ಸೌರ ಫಲಕ ಬಂದವು. ಮೆಟ್ಟಿಲ ಕೆಳಗೆ ಬ್ಯಾಟರಿ ಬಂತು. ಅಡುಗೆ ಗ್ಯಾಸು ಮನೆಬಿಟ್ಟಿತು, ಅದರ ಜಾಗಕ್ಕೆ ಕರೆಂಟಿನ ಒಲೆ ಬಂತು. "ಸ್ವಲ್ಪ ದಿನ ಲೈನೂ ಇರಲಿ ಮಾಮ, ಮೋಡ ಗೀಡ ಬಂದ್ರೆ?" ಎಂದ ಆಫೀಸಿನ ಲೈನ್‌ಮನ್. ಆರಡಿ ಎತ್ತರದ, ಕಂಬದಷ್ಟೇ ಗಟ್ಟಿ ಆಸಾಮಿ.

"ಅನುಮಾನ ಇಟ್ಕೊಂಡು ಕ್ರಾಂತಿ ಮಾಡೋಕಾಗಲ್ಲಪ್ಪ! ಕತ್ತರಿಸು!"

ಲೈನ್‌ಮನ್ ಕತ್ತರಿಸಿದ. ಮೀಟರು ಇದ್ದ ಗೋಡೆಯಲ್ಲಿ ಬಿಳಿ ಚೌಕವೊಂದೇ ಉಳಿಯಿತು. ಊರಿನ ಮೀಟರುಗಳನ್ನೆಲ್ಲ ಓದುವವನ ಮನೆಯಲ್ಲಿ ಓದಲು ಮೀಟರೇ ಇಲ್ಲ! ಮಾಮ ಆ ಚೌಕದ ಪಕ್ಕ ನಿಂತು ಫೋಟೋ ತೆಗೆಸಿಕೊಂಡ.

ಮೊಟ್ಟೆ ಪೆಟ್ಟಿಗೆಗಿಟ್ಟ ಮೇಲೆ ಹದಿನೇಳು ದಿನ ಎಲ್ಲವೂ ಸೊಗಸಾಗಿತ್ತು. ಹೆಂಡತಿ ಬೆಳಿಗ್ಗೆ ಬೆಳಿಗ್ಗೆ ಮೊಟ್ಟೆಗೆ ಟಾರ್ಚು ಹಿಡಿದು ಒಳಗಿನ ಕೆಂಪು ನರಗಳನ್ನು ಅಮ್ಮನಿಗೆ ತೋರಿಸುತ್ತಿದ್ದಳು. ಹದಿನೆಂಟನೆಯ ದಿನ ಮೋಡ ಕವಿಯಿತು. ಹತ್ತೊಂಬತ್ತನೆಯ ದಿನವೂ ಕವಿಯಿತು. ಮಾಮ ಫ್ರಿಜ್ ಆರಿಸಿದ, ಫ್ಯಾನು ಆರಿಸಿದ, ಅತ್ತೆಯ ರೇಡಿಯೋವನ್ನೂ ಬಿಡಲಿಲ್ಲ. 'ಇನ್ನು ಪೆಟ್ಟಿಗೆಗೆ ಮಾತ್ರ' ಎಂದು ದಪ್ಪಕ್ಷರದಲ್ಲಿ ಬರೆದು ಸ್ವಿಚ್ ಬೋರ್ಡಿಗೆ ಅಂಟಿಸಿದ.

ಇಪ್ಪತ್ತನೆಯ ದಿನ ಭಾನುವಾರ. ಬೆಳಿಗ್ಗೆ ಮೂರು ಮೊಟ್ಟೆಗಳ ಮೇಲೆ ಸಣ್ಣ ಬಿರುಕು ಕಂಡು ಹೆಂಡತಿ ಪುಟ್ಟ ಹುಡುಗಿಯಂತೆ ಚಪ್ಪಾಳೆ ತಟ್ಟಿದಳು. ಹತ್ತು ಗಂಟೆಗೆ ಲೈನ್‌ಮನ್ ಬಂದ.

"ಹೇಗಿದೆ ಮಾಮ? ಮೂರು ದಿನದಿಂದ ಬಿಸಿಲಿಲ್ಲ, ಕಷ್ಟ ಆಗಿರಬೇಕಲ್ಲ?"

ಆ 'ಕಷ್ಟ' ಎಂಬ ಪದ ಮಾಮನ ಎದೆಗೆ ನಾಟಿತು.

"ಕಷ್ಟವಾ? ನಮಗಾ? ಕೂತ್ಕೋ, ಟೀ ಕುಡಿದು ಹೋಗು!"

ಅಂಟಿಸಿದ ಚೀಟಿ ಅವನ ಕಣ್ಣೆದುರೇ ಇತ್ತು. ಅದರ ಕೆಳಗೇ ಕೈಹಾಕಿ ಕರೆಂಟಿನ ಕೆಟಲ್ ಹಚ್ಚಿದ. ಸಾಲದ್ದಕ್ಕೆ, "ಇಸ್ತ್ರೀನೂ ಮಾಡ್ಕೋತೀನಿ, ನೋಡ್ತಿರು" ಎಂದು ಇಸ್ತ್ರಿಪೆಟ್ಟಿಗೆಯನ್ನೂ ಪ್ಲಗ್ಗಿಗೆ ಚುಚ್ಚಿದ! ಮೆಟ್ಟಿಲ ಕೆಳಗಿಂದ 'ಕೀಂ' ಎಂದು ಒಂದು ಕೂಗು ಬಂತು. ಆಮೇಲೆ ಇಡೀ ಮನೆ ಗಪ್‌ಚಿಪ್.

ಹಿಂದಿನ ಕೋಣೆಯಿಂದ ಒಂದೇ ಶಬ್ದ ಕೇಳಿಸಿತು.

"ರೀ..."

ಮೂವತ್ತು ವರ್ಷದ ಸಂಸಾರದಲ್ಲಿ ಮಾಮ ಸಾವಿರ 'ರೀ' ಕೇಳಿದ್ದ. ಇಂಥದ್ದು ಕೇಳಿರಲಿಲ್ಲ. ಸಿಟ್ಟಿನದ್ದಾಗಿದ್ದರೆ ಹೇಗೋ ತಡೆದುಕೊಳ್ಳುತ್ತಿದ್ದ. ಇದರಲ್ಲಿ ಸಿಟ್ಟೇ ಇರಲಿಲ್ಲ.

ಲೈನ್‌ಮನ್ ಮೆಟ್ಟಿಲ ಕೆಳಗೆ ಬಗ್ಗಿ ನೋಡಿ ತಲೆಯಾಡಿಸಿದ. "ಬ್ಯಾಟರಿ ತಳ ಕಂಡಿದೆ ಮಾಮ. ಬಿಸಿಲು ಬರೋವರೆಗೂ ಏಳಲ್ಲ."

"ಲೈನ್ ಜೋಡಿಸಿಬಿಡಪ್ಪ!"

"ಅರ್ಜಿ ಬೇಕು. ತಪಾಸಣೆ ಆಗಬೇಕು. ಮೂರು ದಿನ. ಜನಕ್ಕೆ ನೀವೇ ಹೇಳ್ತಿದ್ರಲ್ಲ, ನಿಯಮ ಅಂದ್ರೆ ನಿಯಮ ಅಂತ?"

ಮಾಮ ಹೊರಗೆ ಓಡಿದ. ಮನೆಯ ಎದುರಿಗೂ ಬಲಕ್ಕೂ ಶಾಲೆಯ ಆಟದ ಮೈದಾನ. ಎಡಕ್ಕೆ ಒಂದೇ ಮನೆ, ನಿವೃತ್ತ ರೈಲು ಗಾರ್ಡ್ ಸಾಹೇಬರದು. ಗೇಟಿಗೆ ಬೀಗ. ಮಗಳ ಮನೆಗೆ ಹೋದವರು ಬರುವುದು ಸಂಜೆ ಐದಕ್ಕೆ. ಬೀಗ ನೋಡಿ ಮಾಮನಿಗೆ ಒಂದು ಕ್ಷಣ ಸಮಾಧಾನವೇ ಆಯಿತು, ಕೇಳುವ ಅವಮಾನ ತಪ್ಪಿತು ಎಂದು. ಮರುಕ್ಷಣ ಆ ಸಮಾಧಾನಕ್ಕೇ ನಾಚಿಕೆಯಾಯಿತು.

ವಾಪಸು ಬಂದಾಗ ಹೆಂಡತಿ ಪೆಟ್ಟಿಗೆಯ ಗಾಜಿಗೆ ಹಣೆ ಒತ್ತಿ ನಿಂತಿದ್ದಳು. ಉಷ್ಣಮಾಪಕ ಇಳಿಯುತ್ತಿತ್ತು. ನೀರು ಕಾಯಿಸಿ ಬಾಟಲಿಗೆ ತುಂಬಿಡೋಣವೆಂದರೆ ಒಲೆಯೂ ಕರೆಂಟಿನದೇ!

"ನಂದು ತಪ್ಪಾಯ್ತು ಕಣೇ. ಈ ಒಂದು ಸಲ ಹೊಟ್ಟೆಗೆ ಹಾಕ್ಕೋ" ಎಂದ ಮಾಮ.

"ತಪ್ಪನ್ನ ಆಮೇಲೆ ಹಾಕ್ಕೋತೀನಿ. ಮೊದಲು ನೀವು ಇದನ್ನ ಹೊಟ್ಟೆಗೆ ಹಾಕ್ಕೊಳ್ಳಿ" ಎಂದು ಹೆಂಡತಿ ಅವನ ಅಂಗಿಯ ಗುಂಡಿ ಬಿಚ್ಚಿ, ಒಂದು ಬೆಚ್ಚನೆಯ ಮೊಟ್ಟೆಯನ್ನು ಬರಿಹೊಟ್ಟೆಗೆ ಒತ್ತಿ ಹಿಡಿದಳು.

ಮಾಮ ಬೆಚ್ಚಿದ. ಅತ್ತೆ ಆಗಲೇ ಗೋಡೆಗೊರಗಿ ಕೂತು ಶಾಲು ಬಿಚ್ಚಿದ್ದರು. "ನಿಂತು ನೋಡ್ತಿದ್ರೆ ಆಗಲ್ಲ, ಅಳಿಯಂದ್ರೇ. ಮೈಯ ಶಾಖಕ್ಕೆ ಬಿಸಿಲೂ ಬೇಡ, ವೈರೂ ಬೇಡ. ತಲೆಗೆ ಆರಾರು. ಮಗೂ, ಆ ದೊಡ್ಡ ಆಸಾಮೀನೂ ಕೂರಿಸು."

"ನಾನಾ?" ಎಂದ ಲೈನ್‌ಮನ್. "ನಾನು ತರಕಾರಿ ತರೋಕೆ ಅಂತ ಹೊರಟಿದ್ದು..."

"ಒಳ್ಳೆ ಎದೆ ಇದೆ ನಿಮಗೆ. ಕೂತ್ಕೊಳ್ಳಿ!" ಎಂದಳು ಹೆಂಡತಿ.

ಹೀಗೆ ಆ ಭಾನುವಾರ ಹತ್ತೂವರೆಗೆ, ಹಿಂದಿನ ಕೋಣೆಯ ನೆಲದ ಮೇಲೆ, ಇದ್ದಬದ್ದ ಕಂಬಳಿಗಳನ್ನೆಲ್ಲ ಹೊದ್ದು ನಾಲ್ಕು ಜನ ಕಾವಿಗೆ ಕೂತರು. ಕೆಮ್ಮುವಂತಿಲ್ಲ. ಸೀನುವಂತಿಲ್ಲ. ಲೈನ್‌ಮನ್ ಮೂಗಿನ ಮೇಲೆ ನೊಣ ಕೂತರೂ ಅವನು ಅದನ್ನು ಬರೀ ದುರುಗುಟ್ಟಿ ನೋಡಿದ. ಅಷ್ಟರಲ್ಲಿ ಅವನ ಮೊಬೈಲು ಬಡಿದುಕೊಂಡಿತು. ಅತ್ತೆ ಬೆರಳು ಚಾಚಿ ಒತ್ತಿದರು. ಅವನ ಹೆಂಡತಿಯ ದನಿ ಕೋಣೆಗೆಲ್ಲ ಕೇಳಿಸಿತು.

"ಎಲ್ಲಿ ಹೋದ್ರಿ? ತರಕಾರಿ ಎಲ್ಲಿ?"

"ಮೀಟರ್ ಮಾಮನ ಮನೇಲಿದ್ದೀನಿ. ಈಗ ಏಳೋಕಾಗಲ್ಲ."

"ಯಾಕೆ?"

"ಮೊಟ್ಟೆಗೆ ಕಾವು ಕೊಡ್ತಿದ್ದೀನಿ."

ಆ ಕಡೆ ಏನೋ ಪಾತ್ರೆ ಕೆಳಗಿಟ್ಟ ಸದ್ದಾಯಿತು. ಆಮೇಲೆ, "ಮೊಟ್ಟೆ ಇಟ್ಟಾದ ಮೇಲೆ ತರಕಾರಿ ತನ್ನಿ" ಎಂದು ಫೋನು ಇಟ್ಟಳು. ನಗು ತಡೆಯಲು ನಾಲ್ವರೂ ಪಟ್ಟ ಪಾಡು ಅಷ್ಟಿಷ್ಟಲ್ಲ. ನಕ್ಕರೆ ಹೊಟ್ಟೆ ಕುಲುಕುತ್ತದೆ, ಹೊಟ್ಟೆ ಕುಲುಕಿದರೆ ಮೊಟ್ಟೆ ಕುಲುಕುತ್ತದೆ!

ಮಧ್ಯಾಹ್ನವಾಯಿತು. ಹಸಿವಾಯಿತು. ಅತ್ತೆ ಒಂದು ಕೈಯಿಂದ ಬ್ರೆಡ್ಡು ಮುರಿದು ಎಲ್ಲರ ಬಾಯಿಗೂ ಇಟ್ಟರು. ಬ್ರೆಡ್ಡು ತಿಂದ ಲೈನ್‌ಮನ್ ಕೂತಲ್ಲೇ ತೂಕಡಿಸಿದ, ಕೈ ಮಾತ್ರ ಎದೆ ಬಿಟ್ಟು ಸರಿಯಲಿಲ್ಲ. ಮಾಮ ಮೆಲ್ಲಗೆ ಹೆಂಡತಿಯತ್ತ ತಿರುಗಿದ.

"ಫಲಕ ಹಾಕಿಸಿದ್ದಕ್ಕೆ ಸಿಟ್ಟಾ?"

"ಅದಕ್ಕಲ್ಲ ರೀ. ಫಲಕ ಒಳ್ಳೇದೇ. ನೀವು ಹೇಳೋದೂ ನಿಜಾನೇ, ಜಗತ್ತು ಹೀಗೇ ಸುಡ್ತಾ ಹೋದ್ರೆ ಉಳಿಯಲ್ಲ. ಆದರೆ ನೀವು ಸೂರ್ಯನ್ನ ಕೇಳಿದ್ರಿ, ಅಂಗಡಿಯವನ್ನ ಕೇಳಿದ್ರಿ. 'ನಿನ್ನ ಮರಿಗಳು ಯಾವತ್ತು ಹೊರಗೆ ಬರ್ತಾವೆ, ಲೈನು ಅಲ್ಲಿಯವರೆಗೂ ಇರಲಾ' ಅಂತ ನನ್ನನ್ನ ಒಂದು ಮಾತು ಕೇಳಲಿಲ್ಲ."

ಇಡೀ ಮನುಷ್ಯಕುಲದ ಖರ್ಚು ಬಾಯಿಪಾಠ ಹೇಳುವವನಿಗೆ ಪಕ್ಕದಲ್ಲಿ ಮಲಗುವವಳ ಇಪ್ಪತ್ತೊಂದು ದಿನ ಗೊತ್ತಿರಲಿಲ್ಲ. ಹೇಳಿದ್ದಳು, ಊಟದ ಮೇಜಿನಲ್ಲೇ ಹೇಳಿದ್ದಳು. ಇವನು ಚಮಚ ಹಿಡಿದು ನಿಂತಿದ್ದ.

"ಅಪ್ಪನ ಕೋಳಿ ಕೂಗು ಕೇಳಿ ಹನ್ನೊಂದು ವರ್ಷ ಆಯ್ತು" ಎಂದಳು ಅವಳು, ಯಾರಿಗೋ ಹೇಳಿದಂತೆ. ಅತ್ತೆ ಕಣ್ಣು ಮುಚ್ಚಿಕೊಂಡು ಕೂತಿದ್ದರು. ಮುಚ್ಚಿದ ಕಣ್ಣಿನಂಚು ಒದ್ದೆಯಾಗಿತ್ತು.

ನಾಲ್ಕು ಗಂಟೆಯ ಹೊತ್ತಿಗೆ ಮಾಮ ಇದ್ದಕ್ಕಿದ್ದಂತೆ ನೆಟ್ಟಗಾದ.

"ಲೇ! ಒಳಗೆ ಯಾರೋ ಕುಟ್ತಿದ್ದಾರೆ!"

"ಮಿಸುಕಬೇಡಿ!"

"ನಾನೆಲ್ಲಿ ಮಿಸುಕಿದೆ? ಅದು ಮಿಸುಕ್ತಿದೆ!"

ಹೆಂಡತಿ ಅವನ ಅಂಗಿಗೆ ಕಿವಿಯಿಟ್ಟಳು. ಒಳಗಿಂದ ತೆಳ್ಳನೆಯ ದನಿ: ಚಿಂವ್. ಮಾಮನ ಮುಖ ಆಗ ನೋಡಬೇಕಿತ್ತು! ಮಗು ಹುಟ್ಟಿದಾಗಲೂ ಆಸ್ಪತ್ರೆಯ ಹೊರಗೆ ಬೆಂಚಿನ ಮೇಲೆ ನಿದ್ದೆ ಹೊಡೆದಿದ್ದ ಮನುಷ್ಯ, ಈಗ ಉಸಿರು ಬಿಗಿಹಿಡಿದು ಕಣ್ಣರಳಿಸಿ ಕೂತಿದ್ದ. ಅರ್ಧ ಗಂಟೆಯಲ್ಲಿ ಚಿಪ್ಪು ಎರಡಾಯಿತು. ಒದ್ದೆಯಾದ, ಚುಕ್ಕಿ ಚುಕ್ಕಿಯ, ಅಂದಚಂದವಿಲ್ಲದ ಒಂದು ಮುದ್ದೆ ಅವನ ಹೊಕ್ಕುಳ ಮೇಲೆ ಉರುಳಿ, ತಲೆಯೆತ್ತಿ ಅವನನ್ನೇ ನೋಡಿತು. ಮಾಮನ ಕೆನ್ನೆಯ ಮೇಲೆ ನೀರಿಳಿಯಿತು.

"ಅಳಿಯಂದ್ರೇ, ನಿಮ್ಮ ಮಾವನೋರು ನಲವತ್ತು ವರ್ಷ ಕೋಳಿ ಸಾಕಿದ್ರು" ಎಂದರು ಅತ್ತೆ. "ಒಂದು ದಿನಾನೂ ಈ ಸೌಭಾಗ್ಯ ಅವರಿಗೆ ಬರಲಿಲ್ಲ."

ಐದಕ್ಕೆ ಪಕ್ಕದ ಗೇಟು ಕಿರುಗುಟ್ಟಿತು. ಮಾಮ ಉಳಿದ ಐದು ಮೊಟ್ಟೆ, ಒಂದು ಮರಿ ಸಮೇತ ಅಂಗಿಯನ್ನು ಎರಡೂ ಕೈಯಲ್ಲಿ ಹಿಡಿದು, ತುಂಬು ಬಸುರಿಯಂತೆ ಹೆಜ್ಜೆ ಹಾಕುತ್ತ ಕಾಂಪೌಂಡ್ ಗೋಡೆಯ ಬಳಿ ಬಂದ. ಹೋದ ವರ್ಷ ಗಾರ್ಡ್ ಸಾಹೇಬರು ತಮ್ಮ ಮುಂದಿನ ಕಾಂಪೌಂಡ್ ಮೇಲಿಂದ ಎದುರಿನ ಮೈದಾನದ ಕಾವಲುಗಾರನಿಗೆ ಒಂದು ದೀಪಕ್ಕೆಂದು ವೈರು ಎಳೆದಿದ್ದರು. ಅದಕ್ಕೆ ನೋಟಿಸು ಬರೆದವನು ಮಾಮನೇ!

"ಸಾಹೇಬ್ರೇ... ಒಂದು ವೈರು ಬೇಕಿತ್ತು."

ಗಾರ್ಡ್ ಸಾಹೇಬರು ಕನ್ನಡಕ ಸರಿಮಾಡಿಕೊಂಡರು. "ಕಾಂಪೌಂಡ್ ದಾಟಿಸಿ ವೈರು ಎಳೆಯೋದು ತಪ್ಪಲ್ವಾ, ಮೀಟರ್ ಮಾಮ?"

"ತಪ್ಪೇ. ದೊಡ್ಡ ತಪ್ಪು."

"ಮತ್ತೆ?"

"ನಿಮ್ಮ ವೈರು ಎಷ್ಟುದ್ದ ಇದೆ?"

ಅಂಗಿಯೊಳಗಿಂದ ಚಿಂವ್ ಎಂದಿತು. ಗಾರ್ಡ್ ಸಾಹೇಬರು ಬಗ್ಗಿ ನೋಡಿದರು. ಆಮೇಲೆ ಒಳಗೆ ಹೋಗಿ, ವೈರಿನ ಸುರುಳಿ ತಂದು, ಆ ವಯಸ್ಸಿನಲ್ಲಿ ತಾವೇ ಗೋಡೆ ಹತ್ತಿ ಈಚೆಗಿಳಿದರು. ಪೆಟ್ಟಿಗೆಯ ಬಲ್ಬು ಹತ್ತಿದಾಗ ನಾಲ್ಕೂ ಜನ ಒಟ್ಟಿಗೆ ಕೆಮ್ಮಿದರು. ಬೆಳಗಿನಿಂದ ತಡೆದಿಟ್ಟದ್ದು!

ಸೋಮವಾರ ಸಂಜೆಯ ಹೊತ್ತಿಗೆ ಹತ್ತೊಂಬತ್ತು ಮರಿಗಳಾದವು. ಐದು ಆಗಲಿಲ್ಲ. ಆ ಐದನ್ನು ಹೆಂಡತಿ ಹಿತ್ತಲಲ್ಲಿ ಹೂತು ಬಂದಳು. ಮಾಮನೇ ಗುಂಡಿ ತೋಡಿದ. ಅವಳು ಕೈತೊಳೆದು ಬಂದು ಅವನ ಭುಜಕ್ಕೆ ತಲೆ ಆನಿಸಿ ಸ್ವಲ್ಪ ಹೊತ್ತು ಕೂತಳು, ಅಷ್ಟೇ.

ಲೈನು ಮತ್ತೆ ಬಂತು. ಅರ್ಜಿ ಕೊಡುವಾಗ ಮಾಮ ತನ್ನದೇ ಆಫೀಸಿನ ಸಾಲಿನಲ್ಲಿ ಎಲ್ಲರ ಹಿಂದೆ ನಿಂತ. ಫಲಕಗಳೂ ಉಳಿದವು. ಬಿಸಿಲಿದ್ದ ದಿನ ಮನೆ ಅದರಲ್ಲೇ ನಡೆಯಿತು.

ಎರಡು ವಾರ ಕಳೆದಿರಬೇಕು. ಲಕಲಕ ಬಿಸಿಲಿನ ಮಧ್ಯಾಹ್ನ. ಗಾರ್ಡ್ ಸಾಹೇಬರೂ ಲೈನ್‌ಮನ್ನೂ ಹಿತ್ತಲಲ್ಲಿ ಕುರ್ಚಿ ಹಾಕಿಕೊಂಡು ಟೀ ಕುಡಿಯುತ್ತಿದ್ದರು. ಮಾಮನ ಬೆನ್ನು ಮತ್ತೆ ನೆಟ್ಟಗಾಯಿತು.

"ಬಿಸಿಲು ಸರಿ. ಮೋಡ ಬಂದಾಗ ಏನು ಮಾಡಬೇಕು? ಗಾಳಿ! ಮುಂದಿನ ತಿಂಗಳು ಈ ಜಾಗದಲ್ಲೇ ಒಂದು ಗಾಳಿಯಂತ್ರ! ಇಪ್ಪತ್ತಡಿ ಕಂಬ! ಜಗತ್ತೇ ತಿರುಗಿ ನೋಡಬೇಕು..."

ಅವನು ಕೈಯೆತ್ತಿ ನಿಂತಿದ್ದಂತೆ ಹತ್ತೊಂಬತ್ತು ಚುಕ್ಕಿ ಮರಿಗಳು ಹಿತ್ತಲ ಮೂಲೆಮೂಲೆಯಿಂದ ಓಡಿಬಂದು ಅವನ ಎರಡೂ ಪಾದಗಳನ್ನು ಮುತ್ತಿದವು. ಕೆಲವು ಚಪ್ಪಲಿಯೇರಿದವು. ಕೆಲವು ಪ್ಯಾಂಟಿನ ಅಂಚಿನೊಳಗೆ ತಲೆ ತೂರಿಸಿದವು. ಎಲ್ಲವೂ ಒಟ್ಟಿಗೆ ತಲೆಯೆತ್ತಿ ಚಿಂವ್ ಚಿಂವ್ ಎಂದು ಕಿರುಚತೊಡಗಿದವು. ಮಾಮ ಅತ್ತ ಕಾಲಿಡುವಂತಿಲ್ಲ, ಇತ್ತ ಇಡುವಂತಿಲ್ಲ. ಕೈ ಮಾತ್ರ ಗಾಳಿಯಲ್ಲಿ ನಿಂತಿತ್ತು.

ಹೆಂಡತಿ ಬಾಗಿಲಿನಿಂದ ಇಣುಕಿದಳು.

"ರೀ, ಗಾಳಿಯಂತ್ರ ಆಮೇಲೆ ನಿಲ್ಲಿಸುವಿರಂತೆ. ಈಗ ನೀವು ಕೂತ್ಕೊಳ್ಳಿ. ಮಕ್ಕಳಿಗೆ ನಿದ್ದೆ ಬಂದಿದೆ, ಅಮ್ಮ ನಿಂತಿದ್ರೆ ಅವು ಮಲಗಲ್ಲ."

ಮೀಟರ್ ಮಾಮ ಎತ್ತಿದ ಕೈ ಇಳಿಸಿ, ಅಂಗಿಯ ಕೆಳಗಿನೆರಡು ಗುಂಡಿ ಬಿಚ್ಚಿ, ಮೆಲ್ಲಗೆ ನೆಲದ ಮೇಲೆ ಕೂತ.