ಕಸಿಲ್ದಾಳ ದುಃಖದ ಮುಖ

ಪುರಸಭೆಯ ಬಾಗಿಲಿಗೆ ಯಾರೋ ಚೀಟಿ ಅಂಟಿಸಿ ಹೋದದ್ದೇ ಎಲ್ಲಕ್ಕೂ ಮೂಲ. ಸಿನಿಮಾಕ್ಕೆ ಎಂಟು ವರ್ಷದ ಹುಡುಗಿ ಬೇಕು, ಸಂಜೆ ಐದಕ್ಕೆ ಶಾಲೆಗೆ ಕರೆತನ್ನಿ ಎಂದಿತ್ತು. ಕ್ಷೌರಿಕ ಎಲಾದಿಯೊನ ಮಗಳು ಕಸಿಲ್ದಾಗೆ ಸರಿಯಾಗಿ ಎಂಟು. ಹೋಗಲೇಬೇಕೆಂದು ಅವಳು ಹಟ ಹಿಡಿದಳು. ತೊಂದರೆ ಒಂದೇ: ಕುದಿಯುವ ಪಾತ್ರೆಯ ಮುಚ್ಚಳದ ಹಾಗೆ ಅವಳ ಬಾಯಿ ಒಂದು ಗಳಿಗೆಯೂ ಸುಮ್ಮನಿರುತ್ತಿರಲಿಲ್ಲ.

ಔಷಧಿ ಅಂಗಡಿಯ ದೊನ್ಯಾ ಸೊಕೊರೊ, ಸೆಗೋವಿಯಾ ಪಟ್ಟಣಕ್ಕೆ ಹೋಗಿ ಒಳ್ಳೊಳ್ಳೆಯ ಸಿನಿಮಾ ನೋಡಿಬರುವಾಕೆ. ಸುದ್ದಿ ಕೇಳಿ ಓಡಿ ಬಂದಳು.

"ನಮ್ಮ ದೇಶದ ಸಿನಿಮಾದಲ್ಲಿ ಮಕ್ಕಳು ವಟವಟ ಅನ್ನೋದನ್ನ ಎಲ್ಲಾದ್ರೂ ನೋಡಿದೀಯೇನಪ್ಪಾ? ಯುದ್ಧ ಮುಗಿದಿರುತ್ತೆ, ಅಜ್ಜ ಸಾಯ್ತಿರ್ತಾನೆ, ಮಗು ಕಿಟಕಿ ಹತ್ರ ನಿಂತು ಕಣ್ಣರಳಿಸಿ ನೋಡ್ತಿರುತ್ತೆ. ಅಷ್ಟೇ. ನಿನ್ನ ಮಗಳು ನಕ್ಕರೆ ಕೆಟ್ಟೆ."

ಕ್ಷೌರದಂಗಡಿಯಲ್ಲೇ ತರಬೇತಿ ಶುರುವಾಯಿತು. ಕಿಟಕಿಯ ಬಳಿ ನಿಲ್ಲಿಸಿದರೆ ಹುಡುಗಿ ದಾರಿಹೋಕರಿಗೆಲ್ಲ ಕೈಬೀಸಿದಳು. ಅಜ್ಜ ಸತ್ತನೆಂದು ನೆನೆಸಿಕೋ ಎಂದರೆ, ಅಜ್ಜನ ಸೈಕಲ್ಲು ತನಗೇ ತಾನೇ ಎಂದು ಕೇಳಿದಳು. ಕ್ಷೌರಕ್ಕೆ ಕೂತಿದ್ದ ಅಜ್ಜ ಅರ್ಧ ಗಡ್ಡದಲ್ಲೇ ಎದ್ದು ಹೋದ. ಬ್ರೆಡ್ಡಿನ ಅಂಗಡಿಯವನು ಈರುಳ್ಳಿ ಹೆಚ್ಚಿ ತಂದು ಹಿಡಿದ, ಅತ್ತದ್ದು ಎಲಾದಿಯೊ.

ನಾಲ್ಕೂವರೆ ಆಯಿತು. ಎಲಾದಿಯೊ ಎದೆ ಕಲ್ಲು ಮಾಡಿಕೊಂಡು, ಮಧ್ಯಾಹ್ನದ ಅನ್ನದಲ್ಲಿದ್ದ ಮಾಂಸ ಅವಳು ಸಾಕಿದ ಮೊಲದ್ದೇ ಎಂದು ಸುಳ್ಳು ಹೇಳಿದ.

ಕಸಿಲ್ದಾ ಮಾತು ನಿಲ್ಲಿಸಿದಳು. ಕಣ್ಣುಗಳು ಎರಡರಷ್ಟು ದೊಡ್ಡವಾದವು. ದೊನ್ಯಾ ಸೊಕೊರೊ, ಇಂಥ ಮುಖ ತೆರೆಯ ಮೇಲೂ ನೋಡಿಲ್ಲವೆಂದು ಶಿಲುಬೆಯ ಗುರುತು ಹಾಕಿಕೊಂಡಳು.

ಶಾಲೆಯಲ್ಲಿ ನಿರ್ದೇಶಕಿ ಹುಡುಗಿಯನ್ನು ಬಹಳ ಹೊತ್ತು ನೋಡಿ ನಿಟ್ಟುಸಿರಿಟ್ಟಳು.

"ಸುಮ್ಮನೆ ನೋಡೋ ಮಕ್ಕಳ ಸಿನಿಮಾ ನಮ್ಮಲ್ಲಿ ಬೇಕಾದಷ್ಟಾಗಿದೆ. ನನಗೆ ಬೇಕಾಗಿರೋದು ಬಾಯಿ ಮುಚ್ಚದ, ನಗೋ ಹುಡುಗಿ. ಈ ಊರಲ್ಲಿ ಕ್ಷೌರಿಕರ ಮಗಳು ಹಾಗಿದಾಳೆ ಅಂತ ಕೇಳೇ ಬಂದೆ. ಎಲ್ಲಿ ಅವಳು?"

"ಇವಳೇ ಅಮ್ಮಾ!" ಎಲಾದಿಯೊ ಮಂಡಿಯೂರಿ ಕೂತ. "ಪುಟ್ಟಿ, ಮೊಲ ಗೂಡಲ್ಲೇ ಇದೆ ಕಣೆ. ನಾನು ಹೇಳಿದ್ದು ಸುಳ್ಳು. ನಗು."

"ಈಗ ಹೇಳ್ತಿರೋದೇ ಸುಳ್ಳು," ಎಂದಳು ಕಸಿಲ್ದಾ. "ನಾನು ನಗಲಿ ಅಂತ."

ಅವನು ಕಚಗುಳಿ ಇಟ್ಟ, ಕತ್ತೆಯ ಹಾಗೆ ಕೂಗಿದ. ಮಗಳು ಕಣ್ಣು ಮಿಟುಕಿಸದೆ ಅವನನ್ನೇ ನೋಡುತ್ತಿದ್ದಳು.

ನಿರ್ದೇಶಕಿ ಕಾಗದಗಳನ್ನು ಚೀಲಕ್ಕೆ ತುಂಬಿಕೊಂಡು ಎದ್ದಳು. ಬಾಗಿಲಲ್ಲಿ ನಿಂತು, ಮೆಲ್ಲನೆ ಅವನಿಗೊಂದು ಬುದ್ಧಿಮಾತು ಹೇಳಿದಳು:

"ಮನೇಲಿ ಮಗೂನ ಅಷ್ಟೊಂದು ಹೆದರಿಸಿ ಇಡಬೇಡ್ರಿ."