ಬೇಡ ಎನ್ನಲು ಬಾರದ ಅಪ್ಪ

ಅಡುಗೆಯವನನ್ನು ‘ಊಟ ಆಯಿತೇ?’ ಎಂದು ಯಾರೂ ಕೇಳುವುದಿಲ್ಲ. ದಿನವಿಡೀ ಪಾತ್ರೆಗಳ ನಡುವೆ ಇರುವವನು ಹಸಿದಿರಲು ಸಾಧ್ಯವೇ ಇಲ್ಲವೆಂದು ಲೋಕದ ನಂಬಿಕೆ. ಏಳನೆಯ ಕ್ಲಾಸಿಗೇ ಶಾಲೆ ಬಿಟ್ಟು ಸೌಟು ಹಿಡಿದ ನಾನು ಊರವರ ಮದುವೆಗಳಿಗೆ ಬೇಯಿಸುತ್ತಲೇ ನನ್ನ ಮದುವೆಯ ವಯಸ್ಸು ದಾಟಿಸಿದೆ. ಈಗ ದೆಹಲಿಯ ಕರೋಲ್ ಬಾಗಿನ ಮೆಸ್ಸೊಂದರಲ್ಲಿ ನೂರು ಜನರಿಗೆ ಉಣಬಡಿಸಿ, ಲಕ್ಷ್ಮೀ ನಗರದ ಕೋಣೆಗೆ ಬಂದು ಒಬ್ಬನೇ ಉಣ್ಣುತ್ತೇನೆ. ಯಾರ ಹಂಗೂ ಇಲ್ಲ. ಇದನ್ನು ಹೆಮ್ಮೆಯಿಂದಲೇ ಹೇಳುತ್ತಿದ್ದೇನೆ. ಕೇಳುವವರಿಲ್ಲ ಎಂಬುದು ಬೇರೆ ಮಾತು.

ಇಂಥ ನಾನೂ ಸಿನಿಮಾ ನಟನಾಗಿದ್ದೆ. ಮೆಸ್ಸಿಗೆ ಊಟಕ್ಕೆ ಬರುತ್ತಿದ್ದ ಶ್ರೇಯಸ್ ಎಂಬ ಹುಡುಗ ಸಿನಿಮಾ ಓದುತ್ತಿದ್ದ. ತನ್ನ ಮೊದಲ ಚಿತ್ರದಲ್ಲಿ ನನ್ನಿಂದ ಗ್ಯಾಸ್ ಸಿಲಿಂಡರ್ ಹೊರಿಸಿ ಗಲ್ಲಿ ದಾಟಿಸಿದ. “ಎಂಥಾ ಸಹಜ ಅಭಿನಯ ಅಂಕಲ್!” ಎಂದ. ಸಿಲಿಂಡರ್ ತುಂಬಿತ್ತು, ಅದನ್ನು ಮೆಸ್ಸಿಗೇ ಒಯ್ಯುತ್ತಿದ್ದೆ.

ಎರಡನೆಯದರಲ್ಲಿ ನಾನೇ ಅಪ್ಪ. ಸೆಟ್ ಹಾಕಲು ಗತಿಯಿಲ್ಲದ್ದರಿಂದ ನನ್ನ ಕೋಣೆಯೇ ಮನೆ, ನನ್ನ ಅಂಗಿಯೇ ವೇಷ, ನಾನು ಮಾಡಿದ ಸಾರೇ ಸಾರು. ಮಗಳಾಗಲು ರೋಹಿಣಿ ಬಡಾವಣೆಯಿಂದ ನಿಧಿ ಬಂದಳು, ದೆಹಲಿಯಲ್ಲೇ ಬೆಳೆದ ಕನ್ನಡದ ಹುಡುಗಿ. ಅವಳು “ಅಪ್ಪಾ, ಇನ್ನೂ ಸ್ವಲ್ಪ ಸಾರು ಹಾಕ್ಲಾ?” ಎನ್ನಬೇಕು, ನಾನು “ಬೇಡ” ಎಂದು ಗದರಿ, ಉಣ್ಣುತ್ತಿದ್ದ ತಟ್ಟೆ ಬಿಟ್ಟು ಏಳಬೇಕು. ಇಷ್ಟೇ. ಅವಳು ಸೌಟು ಹಿಡಿದು ಕೇಳಿದಳು. ನಾನು “ಹಾಕಮ್ಮ” ಎಂದೆ.

“ಕಟ್! ಅಂಕಲ್, ಬೇಡ ಅನ್ಬೇಕು!”

ಪ್ರತಿ ಸಲ ಬೇರೆ ತಟ್ಟೆ, ಮೆಸ್ಸಿನಿಂದ ತಂದದ್ದು. ಮತ್ತೆ ಕೇಳಿದಳು. ಮತ್ತೆ ತಟ್ಟೆ ಮುಂದೆ ಚಾಚಿದೆ. “ಅರೇ ಅಂಕಲ್, ಇವನು ಪಾಗಲ್ ಆಗ್ತಾನೆ ಈಗ!” ಎಂದು ನಿಧಿ ನಕ್ಕಳು. “ಅಷ್ಟು ಪ್ರೀತಿಯಿಂದ ಕೇಳಿದ್ರೆ ಹೇಗಪ್ಪಾ ಬೇಡ ಅನ್ನೋದು?” ಎಂದೆ. “ಅದು ಪ್ರೀತಿ ಅಲ್ಲ ಅಂಕಲ್, ಡೈಲಾಗು!” ಎಂದು ಶ್ರೇಯಸ್ ತಲೆ ಮೇಲೆ ಕೈ ಹೊತ್ತ. ಕೊನೆಗೆ ಪಾತ್ರೆಯ ತಳ ಕಂಡಿತು. ಖಾಲಿ ಸೌಟು ಹಿಡಿದು ಕೇಳಿದಾಗ ಮಾತ್ರ “ಬೇಡ” ಎಂದು ಗದರಿ ಎದ್ದೆ. ಶ್ರೇಯಸ್ ಚಪ್ಪಾಳೆ ತಟ್ಟಿದ. “ಚಲೋ, ಪ್ಯಾಕಪ್!” ಎಲ್ಲರೂ ಹೋದ ಮೇಲೆ ಅಷ್ಟೂ ತಟ್ಟೆಗಳನ್ನು ನಿಧಾನವಾಗಿ ತೊಳೆದೆ. ಅಷ್ಟು ತಟ್ಟೆ ಆ ಕೋಣೆಯಲ್ಲಿ ಎಂದೂ ಎಂಜಲಾಗಿರಲಿಲ್ಲ.

ಮೂರನೆಯ ಚಿತ್ರಕ್ಕೆ ಕರೆ ಬರಲಿಲ್ಲ. ಶ್ರೇಯಸ್ ಓದು ಮುಗಿಸಿ ಹೊರಡುವಾಗ ಆ ಎರಡನೆಯ ಚಿತ್ರವನ್ನು ನನ್ನ ಫೋನಿಗೆ ಹಾಕಿಕೊಟ್ಟ. ಈಗ ಉಣ್ಣಲು ಕೂತಾಗ ಫೋನನ್ನು ನೀರಿನ ಚೊಂಬಿಗೆ ಒರಗಿಸಿ ಅದನ್ನೇ ಹಚ್ಚುತ್ತೇನೆ. ನಿಧಿ ಕೇಳುತ್ತಾಳೆ. ನಾನು ಬಾಯಲ್ಲಿದ್ದ ತುತ್ತು ನುಂಗಿ “ಹಾಕಮ್ಮ” ಎನ್ನುವಷ್ಟರಲ್ಲಿ, ಫೋನಿನೊಳಗಿನ ಆ ಜಂಬದ ಮುದುಕ “ಬೇಡ” ಎಂದು ಗದರಿ ಎದ್ದು ಹೋಗಿಬಿಡುತ್ತಾನೆ. ಎಷ್ಟು ಚೆನ್ನಾಗಿ ನಟಿಸಿದ್ದಾನೆಂದು ಮೆಚ್ಚಿಕೊಂಡು, ಸಾರು ಹಾಕಿಕೊಳ್ಳಲು ನಾನೂ ಏಳುತ್ತೇನೆ.