ಬಟ್ಲರನಿಗೆ ಪ್ರಮೋಷನ್

ಕೆಲವರ ಮುಖ ನೋಡಿದೊಡನೆ, ಬ್ರಹ್ಮ ಇವರನ್ನು ಮುಖ್ಯ ಪಾತ್ರಕ್ಕೆಂದು ಸೃಷ್ಟಿಸಲಿಲ್ಲ ಎಂದು ತಿಳಿದುಬಿಡುತ್ತದೆ. ನನ್ನದು ಅಂಥ ಮುಖ. ನನ್ನ ಮದುವೆಯ ಆಲ್ಬಮ್ಮಿನಲ್ಲೂ ನಾನು ಹೆಣ್ಣಿನ ಕಡೆಯ ಯಾರೋ ದೂರದ ನೆಂಟನ ಹಾಗೆ ನಿಂತಿದ್ದೇನೆ. ವರ ನಾನೇ ಎಂಬುದನ್ನು ಬಾಸಿಂಗ ನೋಡಿ ತಿಳಿಯಬೇಕು. ಆದ್ದರಿಂದ ಅಮೆರಿಕದ ಸ್ಟರ್ಲಿಂಗ್ ಎಂಬ ಊರಿನ ಆಫೀಸಿನಲ್ಲಿ, ಎರಡು ಸಾವಿರನೇ ಇಸವಿ ಬಂದಾಗ ಕಂಪ್ಯೂಟರುಗಳು ದಾರಿ ತಪ್ಪದಂತೆ ತಿದ್ದುತ್ತ, ವರ್ಷಗಟ್ಟಲೆ ಬರೀ ಪ್ರೋಗ್ರಾಮರ್ ಆಗಿಯೇ ಉಳಿದದ್ದು ನನಗೇನೂ ಸೋಜಿಗವೆನಿಸಿರಲಿಲ್ಲ. ಮೈಸೂರಿನಿಂದ ಮಾವನವರು ಬರುವವರೆಗೆ.

ಮಾವನವರು ತಾಲ್ಲೂಕು ಕಚೇರಿಯಲ್ಲಿ ಶಿರಸ್ತೇದಾರರಾಗಿ ನಿವೃತ್ತರಾದವರು. ಕಾರಿಲ್ಲದೆ ಕೊತ್ತಂಬರಿ ಸೊಪ್ಪೂ ತರಲಾಗದ ಊರಿನಲ್ಲಿ ಅವರಿಗೆ ಉಳಿದ ದಿಕ್ಕು ಟೀವಿಯೊಂದೇ. ಶನಿವಾರ ಸಂಜೆ ಜಾಹೀರಾತಿಲ್ಲದ ಚಾನೆಲಿನಲ್ಲಿ ಬ್ರಿಟಿಷರ ಧಾರಾವಾಹಿಗಳು ಬರುತ್ತಿದ್ದವು. ಅವುಗಳಲ್ಲೊಬ್ಬ ಮುದಿ ನಟ. ಒಂದರಲ್ಲಿ ಬಟ್ಲರ್, ಇನ್ನೊಂದರಲ್ಲಿ ಪಾದ್ರಿ, ಮತ್ತೊಂದರಲ್ಲಿ ಮೊದಲ ಕಂತಿನಲ್ಲೇ ಕೊಲೆಯಾಗಿ ಹೋಗುವ ವಕೀಲ. ಒಮ್ಮೆ ಹಳೆಯ ಕಪ್ಪು ಬಿಳುಪು ಚಿತ್ರದಲ್ಲಿ ಇದೇ ಮಹಾಶಯ ತಲೆತುಂಬ ಕೂದಲಿನೊಂದಿಗೆ ಯಾರದೋ ಕುದುರೆ ಹಿಡಿದು ನಿಂತಿದ್ದ. ಅಂದು ಮಾವನವರಿಗೆ ಊಟ ಸೇರಲಿಲ್ಲ.

"ಅಲ್ಲ ಅಳಿಯಂದ್ರೇ, ಆಗಿನಿಂದ ಸರ್ವಿಸ್‌ನಲ್ಲಿದ್ದಾನೆ. ಮೊನ್ನೆ ಸೇರಿದ ಹುಡುಗರೆಲ್ಲ ಹೀರೋ ಆದರು. ಸೀನಿಯಾರಿಟಿ ಅನ್ನೋದು ಇವರಲ್ಲಿ ಇಲ್ವಾ?"

ಬಟ್ಲರ್ ಬಾಗಿಲು ತೆಗೆಯದಿದ್ದರೆ ಹೀರೋ ಒಳಗೆ ಬರುವುದಾದರೂ ಹೇಗೆ ಎಂದು ನಾನು ವಾದಿಸಿದೆ. ಮಾವನವರು ಕನ್ನಡಕದ ಮೇಲಿಂದ ನನ್ನನ್ನು ನೋಡಿದರು. ನಾನು ಯಾರ ಪರ ವಕಾಲತ್ತು ವಹಿಸಿದ್ದೇನೆಂದು ಅವರಿಗೆ ತಿಳಿದುಹೋಯಿತು. ಅಷ್ಟರಲ್ಲಿ ನನ್ನ ಹೆಂಡತಿ ವನಜ, ನಮ್ಮ ಟೀಮ್ ಲೀಡ್ ಕೆಲಸ ಬಿಟ್ಟು ಅಟ್ಲಾಂಟಾಕ್ಕೆ ಹೋದದ್ದನ್ನೂ ಆ ಜಾಗ ಖಾಲಿಯಿರುವುದನ್ನೂ ತಂದೆಯ ಕಿವಿಗೆ ಹಾಕಿದಳು. ಅಲ್ಲಿಂದ ನನ್ನ ನೆಮ್ಮದಿಗೆ ಎಳ್ಳುನೀರು. ಕಾಫಿಗೆ ಕೂತರೆ "ಅರ್ಜಿ ಹಾಕಿದ್ರಾ", ಶೂ ಕಟ್ಟುತ್ತಿದ್ದರೆ "ಅರ್ಜಿ ಹಾಕಿದ್ರಾ". ನನಗೆ ಬೇಡವೇ ಬೇಡವಾಗಿದ್ದ ಕೆಲಸಕ್ಕೆ ಮಾವನವರ ಭಯದಿಂದ ಅಪ್ಲೈ ಮಾಡಿದೆ.

ಇಂಟರ್ವ್ಯೂಗೆ ಎರಡು ದಿನ ಮುಂಚೆ, ನಮ್ಮ ನಟನೇ ಮುಖ್ಯ ಪಾತ್ರದಲ್ಲಿರುವ ನಾಟಕವೊಂದು ಬರುತ್ತದೆಂದು ಗೊತ್ತಾಯಿತು. ಮನೆಯಲ್ಲಿ ಹಬ್ಬ. ವನಜ ಕೋಡುಬಳೆ ಕರಿದಳು. ಮಾವನವರು ಮಡಿಸಿಟ್ಟಿದ್ದ ಜರಿಪಂಚೆ ಉಟ್ಟು ಸೋಫಾದಲ್ಲಿ ವಿರಾಜಮಾನರಾದರು. ಆತ ಸಮುದ್ರದ ದಂಡೆಯಲ್ಲಿ ಒಬ್ಬನೇ ನಡೆದ. ಕಿಟಕಿಯಲ್ಲಿ ನಿಂತು ನಿಟ್ಟುಸಿರಿಟ್ಟ. ಸತ್ತ ಹೆಂಡತಿಯ ಬಗ್ಗೆ ಬೆಕ್ಕಿಗೆ ಸುದೀರ್ಘವಾಗಿ ಹೇಳಿದ. ಬೆಕ್ಕು ಎದ್ದುಹೋಯಿತು, ಮಾವನವರ ಗೊರಕೆ ಶುರುವಾಯಿತು.

ಎಚ್ಚರವಾದ ಮೇಲೆ ಅವರು, "ಪಾಪ, ಅವನಿಗೆ ಬಟ್ಲರ್ ಕೆಲಸಾನೇ ಒಪ್ಪುತ್ತಿತ್ತು," ಎಂದರು.

ಆ ಮಾತು ನನಗೇ ಹೇಳಿದಂತಿತ್ತು. ಸೋಮವಾರ ಒಳಗೊಳಗೇ ಸೋಲನ್ನು ಹಾರೈಸುತ್ತ ಇಂಟರ್ವ್ಯೂಗೆ ಹೋದೆ. ಮ್ಯಾನೇಜರ್ ಏನನ್ನೂ ಕೇಳಲಿಲ್ಲ. ವಾರವಾರ ವಿಮಾನ ಹತ್ತಿ ರಾಲಿ ಎಂಬ ಊರಿಗೆ ಹೋಗಬೇಕಾದ ಈ ಕೆಲಸಕ್ಕೆ ಬೇರಾರೂ ಅರ್ಜಿ ಹಾಕಿಲ್ಲ, ಇರುವವರಲ್ಲಿ ಹಳಬ ನೀನೇ ಎಂದು ಕೈ ಕುಲುಕಿದ.

ಮಾವನವರು ಸೀನಿಯಾರಿಟಿ ಗೆದ್ದಿತೆಂದು ಮೈಸೂರಿಗೆಲ್ಲ ಫೋನ್ ಮಾಡಿಸಿದರು. ಆ ನಟ ಹೀರೋ ಆದಾಗ ನಿಮಗೆ ನಿದ್ದೆ ಬಂತಲ್ಲ ಎಂದು ನಾನು ಮೆಲ್ಲಗೆ ನೆನಪಿಸಿದೆ.

"ಪ್ರಮೋಷನ್ ಬೇರೆ, ಕೆಲಸ ಬೇರೆ ಅಳಿಯಂದ್ರೇ. ಶಿರಸ್ತೇದಾರ ಆದಮೇಲೆ ನಾನು ಮಾಡಿದ್ದಾದ್ರೂ ಏನು?"

ಮುಂದಿನ ವಾರ ರಾಲಿಯಲ್ಲಿ ನನ್ನ ಮೊದಲ ಮೀಟಿಂಗ್. ನಾನು ಎದ್ದು ನಿಂತು ಮಾತಾಡತೊಡಗಿದ ಸ್ವಲ್ಪ ಹೊತ್ತಿಗೆ ಎದುರಿದ್ದವರ ಕಣ್ಣುಗಳು ಒಂದೊಂದಾಗಿ ಮುಚ್ಚತೊಡಗಿದವು. ನನಗೇನೂ ಅವಮಾನವಾಗಲಿಲ್ಲ, ನಾನು ಹೀರೋ ಆದದ್ದು ಖಾತ್ರಿಯಾಯಿತು.